ಕತ್ತರಿ ಹಿಡಿದು ಕೂಡಿಸಿದವಳು

ಹೊಳೆದಂಡೆಯಲ್ಲೊಂದು ಹೋಟೆಲು. ಭಾನುವಾರ ಕಳೆಯಲೆಂದು ಪ್ಯಾರಿಸ್ಸಿನ ಕಬ್ಬಿಣದ ಸಾಮಾನಿನ ವ್ಯಾಪಾರಿಯೊಬ್ಬ ಹಾಲಿನವನ ಗಾಡಿ ಎರವಲು ತಂದು, ಹೆಂಡತಿ, ಮಗಳು, ಅಜ್ಜಿ, ಅಂಗಡಿಯ ಗುಮಾಸ್ತ ಎಲ್ಲರನ್ನೂ ತುಂಬಿಕೊಂಡು ಬಂದಿದ್ದಾನೆ. ಹೋಟೆಲಿನ ಯಜಮಾನ ದಪ್ಪ ಆಸಾಮಿ, ಬಾಯಿ ತುಂಬ ಮಾತು. ಅವನ ಜೊತೆಗೆ ಕೆಲಸದಾಕೆಯೊಬ್ಬಳಿದ್ದಾಳೆ. ಬರುತ್ತಾಳೆ, ಹೋಗುತ್ತಾಳೆ, ಕಥೆಗೂ ಅವಳಿಗೂ ಅಂಥ ಸಂಬಂಧವೇನೂ ಇಲ್ಲ. ಮೊದಲ ಸಲ ನೋಡಿದಾಗ ನಾನು ಆಕೆಯನ್ನು ಗಮನಿಸಿರಲೇ ಇಲ್ಲ. ಯಜಮಾನನ ವೇಷದಲ್ಲಿರುವವನು ನಿರ್ದೇಶಕ ಜಾನ್ ರೆನ್ವಾರ್ ಎಂದು ಗೊತ್ತಾಗಿ ಖುಷಿಪಟ್ಟಿದ್ದೆ, ಅಷ್ಟೆ. ಕೆಲಸದಾಕೆಯ ವೇಷದಲ್ಲಿದ್ದವಳು ಮಾರ್ಗರೀತ್, ಆ ಚಿತ್ರದ ಸಂಕಲನಕಾರ್ತಿ ಎಂದು ತಿಳಿದದ್ದು ಎಷ್ಟೋ ಕಾಲದ ಮೇಲೆ. ಅಂದಿನಿಂದ ಆ ಚಿತ್ರ ನೋಡುವಾಗಲೆಲ್ಲ ನನ್ನ ಕಣ್ಣು ಆಕೆಯನ್ನೇ ಹುಡುಕುತ್ತದೆ.

ಚಿತ್ರದ ಹೆಸರು 'ಪಾರ್ತಿ ದ ಕಾಂಪಾನ್ಯ್'. ನಮ್ಮ ಮಾತಿನಲ್ಲಿ ಹೇಳುವುದಾದರೆ 'ಹಳ್ಳಿಗಾಡಿನಲ್ಲೊಂದು ದಿನ'. ಮೊಪಾಸಾನ ಸಣ್ಣಕಥೆಯನ್ನು ಆಧರಿಸಿದ, ನಲವತ್ತು ನಿಮಿಷದ ಚಿತ್ರ. ಚಿತ್ರೀಕರಣವಾದದ್ದು 1936ರ ಬೇಸಿಗೆಯಲ್ಲಿ, ತೆರೆಗೆ ಬಂದದ್ದು 1946ರ ಮೇ ತಿಂಗಳಲ್ಲಿ. ನಡುವಿನ ಹತ್ತು ವರ್ಷಗಳಲ್ಲಿ ಒಂದು ಮಹಾಯುದ್ಧ ಬಂದು ಹೋಯಿತು, ನಿರ್ದೇಶಕ ದೇಶ ಬಿಟ್ಟುಹೋದ, ಒಮ್ಮೆ ಜೋಡಿಸಿದ್ದ ಪ್ರತಿ ನಾಶವಾಯಿತು. ಆದರೂ ಇಂದು ಅದನ್ನು ನಾವು ನೋಡಬಹುದು. ಹೇಗೆ ಎಂದು ಹೇಳಬೇಕಾದರೆ ಮಾರ್ಗರೀತಳ ಕಥೆಯನ್ನೇ ಹೇಳಬೇಕು.

ಆಕೆಯ ಹುಟ್ಟುಹೆಸರು ಮಾರ್ಗರೀತ್ ಉಲೇ. ಹುಟ್ಟಿದ್ದು 1906ರಲ್ಲಿ, ಕೂಲಿ ಮಾಡಿ ಬದುಕುವ, ಎಡಪಂಥದತ್ತ ಒಲವಿದ್ದ ಕಾರ್ಮಿಕ ಮನೆತನದಲ್ಲಿ. ಸಿನಿಮಾ ಆಕೆಗೆ ಸಿಕ್ಕಿದ್ದು ಕಲೆಯಾಗಿ ಅಲ್ಲ, ಕಾರ್ಖಾನೆಯ ಕೆಲಸವಾಗಿ. ಇನ್ನೂ ಹುಡುಗಿಯಾಗಿದ್ದಾಗಲೇ ಪಾಥೆ ಕಂಪನಿ ಸೇರಿದಳು. ಪ್ಯಾರಿಸ್ಸಿನ ಅಂಚಿನಲ್ಲಿದ್ದ ಪಾಥೆಯ ಕಾರ್ಖಾನೆಗಳಲ್ಲಿ ಆಗ ಸಿನಿಮಾ ಎಂದರೆ ಮೀಟರ್ ಲೆಕ್ಕದಲ್ಲಿ ತಯಾರಾಗಿ ಮೀಟರ್ ಲೆಕ್ಕದಲ್ಲಿ ಮಾರಾಟವಾಗುವ ಸರಕು. ಬಣ್ಣದ ಫಿಲ್ಮ್ ಇನ್ನೂ ಬಂದಿರಲಿಲ್ಲ, ಬಣ್ಣವನ್ನು ಕೈಯಿಂದಲೇ ಹಚ್ಚಬೇಕು. ಒಂದೊಂದು ಬಣ್ಣಕ್ಕೂ ಒಂದೊಂದು ಪ್ರತಿ ತೆಗೆದುಕೊಂಡು, ನಟಿಯ ಲಂಗ ಕೆಂಪಾಗಬೇಕಿದ್ದರೆ ಪ್ರತಿ ಚೌಕದಲ್ಲೂ ಲಂಗದ ಆಕಾರವನ್ನಷ್ಟೇ ಕೊರೆದು ತೆಗೆಯಬೇಕು. ಆ ತೂತಿನ ಮೂಲಕ ಕೆಂಪು ಇಳಿಯುತ್ತದೆ. ನಮ್ಮಲ್ಲಿ ರಂಗೋಲಿ ಕೊಳವೆ, ರಂಗೋಲಿ ತಟ್ಟೆಗಳಲ್ಲಿ ತೂತಿನಿಂದ ಪುಡಿ ಇಳಿದು ಚಿತ್ರ ಮೂಡುತ್ತದಲ್ಲ, ಹೆಚ್ಚುಕಡಿಮೆ ಹಾಗೆ. ಮೂಕಿ ಚಿತ್ರ ಸೆಕೆಂಡಿಗೆ ಹದಿನಾರು ಚೌಕದ ವೇಗದಲ್ಲಿ ಓಡಿದರೂ ಒಂದು ನಿಮಿಷಕ್ಕೆ ಒಂಬೈನೂರ ಅರವತ್ತು ಚೌಕ. ಒಂದೊಂದು ಚೌಕವೂ ಅಂಚೆಚೀಟಿಯಷ್ಟು. ಈ ಕೆಲಸಕ್ಕೆ ಕೂತವರು ನೂರಾರು ಹೆಂಗಸರು.

ಪಕ್ಕದ ಮೇಜುಗಳಲ್ಲಿ ಫಿಲ್ಮಿನ ತುಂಡುಗಳನ್ನು ಅಂಟಿಸುವವರು. ಅವರೂ ಹೆಂಗಸರೇ. ಹೊಲಿಗೆಗೂ ಕಸೂತಿಗೂ ಪಳಗಿದ ಕೈಬೆರಳು ಇದಕ್ಕೂ ಆದೀತು ಎಂದು ಮಾಲೀಕರು ಲೆಕ್ಕ ಹಾಕಿದ್ದರು, ಕೂಲಿಯೂ ಕಡಿಮೆ. ಫ್ರಾನ್ಸಿನಲ್ಲಿ ಸಂಕಲನವು ಬಹುಕಾಲ ಹೆಂಗಸರ ಕೆಲಸವಾಗಿ ಉಳಿದದ್ದು ಈ ದಾರಿಯಿಂದ. 'ಮೊಂತೆರ್' ಎಂದರೆ ಸಂಕಲನಕಾರ, 'ಮೊಂತೇಸ್' ಎಂದರೆ ಸಂಕಲನಕಾರ್ತಿ. ಎರಡನೆಯ ಪದ ಅಲ್ಲಿನ ಸ್ಟುಡಿಯೊಗಳಲ್ಲಿ ದಿನಬಳಕೆಯ ಮಾತು. ಕ್ಯಾಮೆರಾ ಹಿಡಿಯಲು, ನಿರ್ದೇಶಿಸಲು ಹೆಂಗಸರನ್ನು ಅಪರೂಪಕ್ಕಷ್ಟೇ ಸೇರಿಸುತ್ತಿದ್ದ ಉದ್ಯಮ, ಚಿತ್ರ ಕೊನೆಗೆ ಯಾವ ರೂಪ ತಳೆಯುತ್ತದೆಂದು ನಿರ್ಧಾರವಾಗುವ ಕೋಣೆಯನ್ನು ಮಾತ್ರ, ಅದೇನು ಅಂಟಿಸುವ ಕೆಲಸ ಎಂದುಕೊಂಡು, ಅವರ ಕೈಗೆ ಬಿಟ್ಟಿತ್ತು.

ನಮ್ಮ ಭಾಷೆಯಲ್ಲಿ ಈ ಕೆಲಸಕ್ಕಿರುವ ಹೆಸರು ನನಗೆ ಬಹಳ ಇಷ್ಟ. ಎಡಿಟಿಂಗ್ ಎಂದ ಕೂಡಲೇ ಜನ ಕತ್ತರಿಯನ್ನು ನೆನೆಯುತ್ತಾರೆ. 'ಕತ್ತರಿ ಹಾಕು' ಎನ್ನುವುದು ಸೆನ್ಸಾರಿನವರಿಂದ ಹಿಡಿದು ಎಲ್ಲರ ಬಾಯಲ್ಲಿರುವ ಮಾತು. ಆದರೆ ಪ್ರಾಥಮಿಕ ಶಾಲೆಯ ಗಣಿತ ಪುಸ್ತಕ ತೆರೆದರೆ, ಸಂಕಲನ ಎಂದರೆ ಕೂಡುವುದು, ವ್ಯವಕಲನ ಎಂದರೆ ಕಳೆಯುವುದು. ಫ್ರೆಂಚರ 'ಮೊಂತಾಜ್' ಕೂಡ ಅದೇ, ಬಿಡಿಭಾಗಗಳನ್ನು ಜೋಡಿಸಿ ನಿಲ್ಲಿಸುವುದು. ಮಾರ್ಗರೀತ್ ಕಲಿತದ್ದು ಈ ಜೋಡಣೆಯನ್ನು. ಫಿಲ್ಮಿನ ಒಂದು ಅಂಚಿನ ಲೇಪವನ್ನು ಕೆರೆದು, ಕುಂಚದಿಂದ ಅಂಟು ಸವರಿ, ಇನ್ನೊಂದು ತುಂಡನ್ನು ಅದರ ಮೇಲೆ ಒತ್ತಿ ಹಿಡಿಯಬೇಕು. ಅಂಟು ಒಣಗುವುದರೊಳಗೆ ಕೈ ನಡುಗಕೂಡದು. ಆಗಿನ ನೈಟ್ರೇಟ್ ಫಿಲ್ಮು ಬೆಂಕಿ ತಾಗಿದರೆ ಭಗ್ಗನೆ ಹತ್ತಿಕೊಳ್ಳುತ್ತಿತ್ತು, ನೀರು ಹುಯ್ದರೂ ಆರುತ್ತಿರಲಿಲ್ಲ. ಅಂಥ ಸುರುಳಿಗಳನ್ನು ಕೊರಳಿಗೆ ಹಾಕಿಕೊಂಡು, ಮೊಳೆಗಳಿಗೆ ತೂಗುಹಾಕಿದ ತುಂಡುಗಳ ನಡುವೆ ಆಕೆ ಬೆಳೆದಳು.

ರೆನ್ವಾರ್ ಬಂದದ್ದು ಬೇರೆಯೇ ಲೋಕದಿಂದ. ತಂದೆ ಪಿಯೇರ್ ಓಗುಸ್ತ್ ರೆನ್ವಾರ್ ಜಗತ್ತೇ ಬಲ್ಲ ಚಿತ್ರಕಾರ. ಮಗ ತನ್ನ ಮೂಕಿ ಚಿತ್ರಗಳ ನಷ್ಟ ತುಂಬಲು ತಂದೆಯ ಚಿತ್ರಪಟಗಳನ್ನು ಮಾರಿದವನು. 1920ರ ದಶಕ ಮುಗಿಯುವ ಹೊತ್ತಿಗೆ ನಟಿಯೂ ಆಗಿದ್ದ ಅವನ ಹೆಂಡತಿ ಕ್ಯಾಥರೀನ್ ಹೆಸ್ಲಿಂಗ್ ದೂರವಾಗಿದ್ದಳು, ಆದರೆ ವಿಚ್ಛೇದನವಾಗಿರಲಿಲ್ಲ. ಸಂಕಲನ ಕೋಣೆಯಲ್ಲಿ ಪರಿಚಯವಾದ ಮಾರ್ಗರೀತ್ ಅವನ ಸಂಗಾತಿಯಾದಳು, 1930ರ ದಶಕವನ್ನು ಹೆಚ್ಚುಕಡಿಮೆ ಪೂರ್ತಿ ಅವನೊಂದಿಗೆ ಕಳೆದಳು. ಮದುವೆ ಆಗಲೇ ಇಲ್ಲ. ಚಿತ್ರಗಳ ಹೆಸರುಪಟ್ಟಿಯಲ್ಲಿ ಮಾತ್ರ 'ಮಾರ್ಗರೀತ್ ರೆನ್ವಾರ್' ಎಂದು ಬಂತು. ಅವನು ದೂರವಾದ ಮೇಲೂ ಮುಂದಿನ ಮೂವತ್ತು ವರ್ಷ ಅದೇ ಹೆಸರಿನಲ್ಲಿ ದುಡಿದಳು. ಯಾರೋ ಕೊಟ್ಟ ಹೆಸರಾಗಿ ಶುರುವಾದದ್ದು ಆಕೆ ಗಳಿಸಿದ ಹೆಸರಾಯಿತು ಎಂದೇ ನಾನು ತಿಳಿಯುತ್ತೇನೆ.

ಇಬ್ಬರ ಮೊದಲ ದೊಡ್ಡ ಪರೀಕ್ಷೆ 1931ರ 'ಲಾ ಶಿಯೆನ್'. ಮಾತಿನ ಚಿತ್ರಗಳು ಆಗಷ್ಟೇ ಬಂದಿದ್ದವು. ಬೇರೆಯವರು ಸದ್ದುಗದ್ದಲಕ್ಕೆ ಹೆದರಿ ಸ್ಟುಡಿಯೊದ ಬಾಗಿಲು ಮುಚ್ಚಿಕೊಂಡು ಚಿತ್ರ ತೆಗೆಯುತ್ತಿದ್ದಾಗ ರೆನ್ವಾರ್ ಮೋಮಾರ್ತ್ರದ ಬೀದಿಗೆ ಮೈಕು ಒಯ್ದ. ನಿರ್ಮಾಪಕರು ನಗೆಚಿತ್ರ ಬರುತ್ತದೆಂದು ಕಾದಿದ್ದರು, ಬಂದದ್ದು ಕೊಲೆಯ ಕಥೆ. ಕಂಗಾಲಾಗಿ ಚಿತ್ರವನ್ನು ಅವನ ಕೈಯಿಂದ ಕಿತ್ತುಕೊಂಡು ಬೇರೆಯವರಿಂದ ಸಂಕಲನ ಮಾಡಿಸಲು ಹೊರಟರು. ಜಗಳ ಮುಗಿದು ಚಿತ್ರ ಅವನ ಕೈಗೆ ಮರಳಿದಾಗ ಅದನ್ನು ಮತ್ತೆ ಅದರ ದಾರಿಗೆ ತಂದವರಲ್ಲಿ ಮಾರ್ಗರೀತ್ ಇದ್ದಳು.

ಆ ಕೊಲೆಯ ದೃಶ್ಯವನ್ನೊಮ್ಮೆ ನೋಡಬೇಕು. ಮಹಡಿಯ ಕೋಣೆಯಲ್ಲಿ ಬ್ಯಾಂಕಿನ ಗುಮಾಸ್ತನಂತೆ ಕಾಣುವ ಮುದಿ ಲೆಗ್ರಾಂಡ್, ಹಾಸಿಗೆಯ ಮೇಲೆ ಅವನನ್ನು ಕಂಡು ನಗುತ್ತಿರುವ ಲುಲು, ಅವಳ ಕೈಯಲ್ಲಿ ಪುಸ್ತಕದ ಹಾಳೆ ಬಿಡಿಸುವ ಚಾಕು. ಅಷ್ಟರಲ್ಲಿ ನಾವು ಬೀದಿಗೆ ಬಂದುಬಿಡುತ್ತೇವೆ. ಮನೆಯ ಮುಂದೆ ಬೀದಿ ಹಾಡುಗಾರರು, ಸುತ್ತ ಜನ. ಹಾಡು ನಡೆಯುತ್ತಲೇ ಇದೆ. ಕ್ಯಾಮೆರಾ ಗೋಡೆಗುಂಟ ಮೇಲೇರಿ ಕಿಟಕಿಯಿಂದ ಒಳಗೆ ನೋಡುವ ಹೊತ್ತಿಗೆ ಎಲ್ಲ ಮುಗಿದಿದೆ. ಅವನು ಹೆಣದ ಮೇಲೆ ಬಾಗಿದ್ದಾನೆ. ಕೆಳಗೆ ಹಾಡು ನಿಂತಿಲ್ಲ. ಇರಿದದ್ದನ್ನು ನಾವು ನೋಡಲೇ ಇಲ್ಲ. ಆದರೆ ಹಾಡಿನ ಉದ್ದಕ್ಕೂ ನಮಗೆ ಗೊತ್ತಿತ್ತು. ಹಾಡಿನ ಯಾವ ಸಾಲಿಗೆ ಕೋಣೆಯಿಂದ ಹೊರಬರಬೇಕು, ಯಾವ ಸಾಲಿಗೆ ಮರಳಬೇಕು ಎಂಬುದು ಚೌಕಗಳ ಲೆಕ್ಕ, ಸೆಕೆಂಡಿಗೆ ಇಪ್ಪತ್ತನಾಲ್ಕು ಚೌಕಗಳ ಲೆಕ್ಕ.

ಇನ್ನು 1936. ಫ್ರಾನ್ಸಿನಲ್ಲಿ ಆ ವರ್ಷವನ್ನು ನೆನೆಯುವಾಗ ಇಂದಿಗೂ ಜನರ ದನಿ ಬದಲಾಗುತ್ತದೆ. ಜರ್ಮನಿಯಲ್ಲಿ ಹಿಟ್ಲರ್ ಗದ್ದುಗೆ ಏರಿ ಮೂರು ವರ್ಷವಾಗಿತ್ತು. ಸಮಾಜವಾದಿಗಳು, ಕಮ್ಯುನಿಸ್ಟರು, ರ್‍ಯಾಡಿಕಲ್ಲರು ಸೇರಿ 'ಜನತಾರಂಗ' ಕಟ್ಟಿಕೊಂಡು ವಸಂತದ ಚುನಾವಣೆಗೆ ನಿಂತಿದ್ದರು. ಮಾರ್ಗರೀತ್ ಎಡಪಂಥದವಳು, ಗೆಳತಿಯ ಮನೆಮಾತು ರೆನ್ವಾರನಿಗೂ ತಾಗಿತು. ಚಿತ್ರಕಾರನ ಮಗ ಕಾರ್ಮಿಕರ ಸಭೆಗಳಿಗೆ ಹೋಗತೊಡಗಿದ. ಚುನಾವಣೆಗಾಗಿ ಕಮ್ಯುನಿಸ್ಟ್ ಪಕ್ಷ ತೆಗೆಸಿದ 'ಲಾ ವೀ ಎತಾ ನೂ' (ಬದುಕು ನಮ್ಮದು) ಚಿತ್ರದ ಮುಂದಾಳು ಅವನೇ, ಸಂಕಲನ ಮಾರ್ಗರೀತಳದು. ಸಭೆಗಳಲ್ಲಿ ಚಂದಾ ಎತ್ತಿ ತೆಗೆದ ಚಿತ್ರ ಅದು. ಅದರಲ್ಲೊಂದು ಕಡೆ ಹಿಟ್ಲರ್ ಭಾಷಣ ಮಾಡುತ್ತಾನೆ, ಬಾಯಿ ತೆರೆದರೆ ಕೇಳುವುದು ನಾಯಿ ಬೊಗಳುವ ಸದ್ದು. ಒಂದು ಸುದ್ದಿಚಿತ್ರದ ತುಂಡು, ಒಂದು ನಾಯಿಯ ದನಿ, ಎರಡನ್ನೂ ಒಟ್ಟಿಗೆ ಅಂಟಿಸಿದರೆ ಇಷ್ಟು ದೂರ ಹೋಗಬಹುದು! ಸರ್ಕಾರದ ಪರವಾನಗಿ ಸಿಗದೆ ಆ ಚಿತ್ರ ಥಿಯೇಟರುಗಳಿಗೆ ಬಂದದ್ದು 1969ರಲ್ಲಿ.

ಜನತಾರಂಗ ಗೆದ್ದಿತು. ಲಿಯೋನ್ ಬ್ಲೂಮ್ ಪ್ರಧಾನಿಯಾದರು. ಜೂನ್ ತಿಂಗಳಲ್ಲಿ ಇಡೀ ದೇಶದ ಕಾರ್ಖಾನೆಗಳಲ್ಲಿ ಮುಷ್ಕರ ನಡೆದು, ವಾರಕ್ಕೆ ನಲವತ್ತು ಗಂಟೆ ಕೆಲಸ, ವರ್ಷಕ್ಕೆ ಹದಿನೈದು ದಿನ ಸಂಬಳ ಸಹಿತ ರಜೆ ಎಂಬ ಕಾನೂನುಗಳು ಬಂದವು. ಹುಟ್ಟಿದಾಗಿನಿಂದ ಊರ ಹೊರಗಿನ ಹೊಳೆ ನೋಡದಿದ್ದ ಜನ ಆ ಬೇಸಿಗೆಯಲ್ಲಿ ಸೈಕಲ್ಲು ಹತ್ತಿ, ರೈಲು ಹತ್ತಿ ಹಳ್ಳಿಗಾಡಿಗೆ ಹೊರಟರು. ಅದೇ ಬೇಸಿಗೆಯಲ್ಲಿ ರೆನ್ವಾರ್ ತನ್ನ ತಂಡದೊಂದಿಗೆ ಮಾರ್ಲೊತ್ ಹತ್ತಿರದ ಲ್ವಾನ್ ಹೊಳೆಯ ದಂಡೆಗೆ ಹೋಗಿ, 1860ರ ಒಂದು ಭಾನುವಾರದ ಕಥೆಯನ್ನು ತೆಗೆಯಲು ಕೂತ.

ತಂಡದಲ್ಲಿದ್ದವರ ಹೆಸರು ಓದಿದರೆ ಮೈ ಜುಮ್ಮೆನ್ನುತ್ತದೆ. ಸಹಾಯಕರಾಗಿ ಜಾಕ್ ಬೆಕೆರ್, ಇವ್ ಅಲೆಗ್ರೆ, ಹೆಸರಾಂತ ಛಾಯಾಗ್ರಾಹಕನಾಗುವ ಆನ್ರಿ ಕಾರ್ತಿಯೇ ಬ್ರೆಸೋನ್, ಇಟಲಿಯಿಂದ ಬಂದ ಲುಕಿನೋ ವಿಸ್ಕೋಂತಿ. ಕ್ಯಾಮೆರಾ ಹಿಡಿದವನು ರೆನ್ವಾರನ ಅಣ್ಣನ ಮಗ ಕ್ಲೋದ್. ನಾಯಕಿ ಆನ್ರಿಯೆತ್ ಆಗಿ ಸಿಲ್ವಿಯಾ ಬಟಾಯ್. ಸಂಕಲನಕಾರ್ತಿಗೂ ಕೆಲಸದಾಕೆಯ ವೇಷ. ಮೀನು ಹಿಡಿಯುವ ಹುಡುಗ ರೆನ್ವಾರನ ಮಗ ಅಲೇನ್. ಮನೆಮಂದಿಯೆಲ್ಲ ವನಭೋಜನಕ್ಕೆ ಹೋದಂತೆ. ಬಿಸಿಲು ಬೇಕಿದ್ದ ಚಿತ್ರಕ್ಕೆ ಬಂದದ್ದು ಮಳೆ. ದಿನಗಟ್ಟಲೆ ಮಳೆ. ತಂಡ ಹೋಟೆಲಿನಲ್ಲಿ ಕೂತು ಕಾಯಿತು, ದುಡ್ಡು ಕರಗಿತು, ತಾಳ್ಮೆಯೂ ಕರಗಿತು. ಮುಂದಿನ ಚಿತ್ರದ ಕರಾರಿನ ದಿನ ಹತ್ತಿರವಾಗಿ ರೆನ್ವಾರ್ ಹೊರಟುಹೋದ. ನಿರ್ಮಾಪಕ ಪಿಯೇರ್ ಬ್ರೋನ್‌ಬೆರ್ಜೆ ಇದನ್ನು ಪೂರ್ಣಪ್ರಮಾಣದ ಚಿತ್ರವಾಗಿ ಬೆಳೆಸಬಹುದೇ ಎಂದು ಕವಿ ಜಾಕ್ ಪ್ರೆವೇರ್ ಕೈಯಲ್ಲಿ ಚಿತ್ರಕಥೆ ಬರೆಸಿದ. ಅದು ಕೈಗೂಡಲಿಲ್ಲ. ಮಾರ್ಗರೀತ್ ಒಂದು ಒರಟು ಜೋಡಣೆ ಮಾಡಿಟ್ಟಳು. ಡಬ್ಬಗಳು ಬೀರು ಸೇರಿದವು.

ಮುಂದಿನ ಮೂರು ವರ್ಷಗಳಲ್ಲಿ ಆಕೆಯ ಮೇಜಿನ ಮೇಲಿಂದ ಹೋದ ಚಿತ್ರಗಳನ್ನು ನೋಡಿ: 1937ರಲ್ಲಿ 'ಲಾ ಗ್ರಾಂಡ್ ಇಲ್ಯೂಸಿಯೋನ್', 1938ರಲ್ಲಿ ಜನರಿಂದ ಎರಡೆರಡು ಫ್ರಾಂಕ್ ಚಂದಾ ಕೂಡಿಸಿ ಶುರುಮಾಡಿದ 'ಲಾ ಮಾರ್ಸೆಯೇಸ್', ಅದೇ ವರ್ಷ 'ಲಾ ಬೆತ್ ಯುಮೇನ್', 1939ರಲ್ಲಿ 'ಲಾ ರೆಗ್ಲ್ ದ್ಯು ಜ್ಯು'. ಜಗತ್ತಿನ ಸಿನಿಮಾ ಇತಿಹಾಸ ಬರೆಯುವವರು ಇವುಗಳಲ್ಲಿ ಒಂದನ್ನೂ ಬಿಡಲಾರರು. ರೆನ್ವಾರ್ ಉದ್ದುದ್ದ ಶಾಟ್‌ಗಳ ನಿರ್ದೇಶಕ. ಪಾತ್ರಗಳು ಒಂದು ಕೋಣೆಯಿಂದ ಇನ್ನೊಂದಕ್ಕೆ ನಡೆಯುತ್ತಿದ್ದರೆ ಕ್ಯಾಮೆರಾ ಹಿಂದೆಯೇ ಹೋಗುತ್ತದೆ, ಹಿನ್ನೆಲೆಯಲ್ಲಿ ಬೇರೊಂದು ಕಥೆ ನಡೆಯುತ್ತಿರುತ್ತದೆ. ಹಾಗಾದರೆ ಸಂಕಲನಕಾರ್ತಿಗೆ ಕೆಲಸ ಕಡಿಮೆ ಎಂದುಕೊಳ್ಳುವವರಿದ್ದಾರೆ. ನನಗೆ ಹಾಗನ್ನಿಸುವುದಿಲ್ಲ. ಶಾಟ್ ಉದ್ದವಾದಷ್ಟೂ ಅದರಿಂದ ಹೊರಬರುವ ಗಳಿಗೆ ತಪ್ಪಿದರೆ ಎದ್ದು ಕಾಣುತ್ತದೆ. ಕತ್ತರಿಸದೆ ಬಿಡುವ ಧೈರ್ಯವೂ ಕೈಗೆ ಬೇಕು.

ಕತ್ತರಿಸಬೇಕಾದಾಗ ಆಕೆ ಹೇಗೆ ಕತ್ತರಿಸುತ್ತಿದ್ದಳು ಎನ್ನುವುದಕ್ಕೆ 'ಲಾ ಬೆತ್ ಯುಮೇನ್' ಶುರುವಾಗುವ ಬಗೆ ಸಾಕು. ಉಗಿಬಂಡಿಯೊಂದು ಲ ಆವ್ರ್ ಬಂದರಿನ ಕಡೆಗೆ ಧಾವಿಸುತ್ತಿದೆ. ಒಲೆಯ ಬೆಂಕಿ, ಕಲ್ಲಿದ್ದಲು ಎತ್ತಿ ಹಾಕುವ ಸಲಿಕೆ, ಕನ್ನಡಕ ಹಾಕಿಕೊಂಡು ಹೊರಗೆ ಬಗ್ಗಿದ ಜಾನ್ ಗಾಬೆನ್, ಮೈಮೇಲೆ ಬರುವ ಹಳಿಗಳು, ಸುರಂಗದ ಕತ್ತಲು, ಮತ್ತೆ ಬೆಳಕು. ಗದ್ದಲದಲ್ಲಿ ಮಾತು ಕೇಳುವಂತಿಲ್ಲ, ಇಬ್ಬರು ಗೆಳೆಯರು ಸನ್ನೆಯಲ್ಲೇ ಕೆಲಸ ಸಾಗಿಸುತ್ತಾರೆ. ಸುಮಾರು ನಾಲ್ಕು ನಿಮಿಷ ಸಂಭಾಷಣೆ ಎಂಬುದಿಲ್ಲ. ಅಷ್ಟು ಹೊತ್ತಿನಲ್ಲಿ ಈ ಇಬ್ಬರು ಎಷ್ಟು ವರ್ಷ ಜೊತೆಗೆ ದುಡಿದಿದ್ದಾರೆ, ಯಂತ್ರದ ಮೇಲೆ ಅವರಿಗೆಷ್ಟು ಅಕ್ಕರೆ ಎಂದು ನಮಗೆ ತಿಳಿದುಹೋಗುತ್ತದೆ. ಕೈಗಸಬನ್ನು ಬಲ್ಲವಳು ಮಾತ್ರ ಕೈಗಳನ್ನು ಹೀಗೆ ಜೋಡಿಸಬಲ್ಲಳು. ಬೆಂಕಿಗೆ ಸಲಿಕೆ ಹಾಕುವ ಕೈ, ಹಿಡಿ ಎಳೆಯುವ ಕೈ, ಬೆವರು ಒರೆಸುವ ಕೈ.

'ಲಾ ರೆಗ್ಲ್ ದ್ಯು ಜ್ಯು' (ಆಟದ ನಿಯಮ) ಚಿತ್ರದ ಬೇಟೆಯ ದೃಶ್ಯ ಇದರ ಇನ್ನೊಂದು ಮುಖ. ಸೊಲೋನ್ಯ್ ಸೀಮೆಯ ಬಂಗಲೆಗೆ ಶ್ರೀಮಂತರು ಬೇಟೆಗೆ ಬಂದಿದ್ದಾರೆ. ರೆನ್ವಾರ್ ಸ್ಟುಡಿಯೊದ ಕೆಲಸಕ್ಕೆ ಪ್ಯಾರಿಸ್ಸಿಗೆ ಮರಳಿದ ಮೇಲೂ ಸಹಾಯಕ ನಿರ್ದೇಶಕ ಆಂದ್ರೆ ಜ್ವೊಬಾದಾ ಅಲ್ಲೇ ಉಳಿದು ಮೊಲ, ಹಕ್ಕಿಗಳ ಶಾಟ್‌ಗಳನ್ನು ತೆಗೆದ. ಹೀಗೆ ಬಿಡಿಬಿಡಿಯಾಗಿ ಬಂದ ರೀಲುಗಳು ಸಂಕಲನದ ಮೇಜಿಗೆ ಸೇರಿದವು. ಸಾವಧಾನವಾಗಿ ಸಾಗುವ ಚಿತ್ರ ಇದ್ದಕ್ಕಿದ್ದಂತೆ ಏದುಸಿರು ಬಿಡತೊಡಗುತ್ತದೆ. ಪೊದೆ ಬಡಿಯುವ ಆಳುಗಳು ಸಾಲುಗಟ್ಟಿ ಬರುತ್ತಾರೆ, ಹಕ್ಕಿ ಏಳುತ್ತದೆ, ಕೋವಿ, ಹಕ್ಕಿ ಬೀಳುತ್ತದೆ, ಮೊಲ ಓಡುತ್ತದೆ, ಕೋವಿ. ನಾಲ್ಕು ನಿಮಿಷಕ್ಕೂ ಕಡಿಮೆ ಹೊತ್ತಿನಲ್ಲಿ ಸುಮಾರು ಐವತ್ತು ಶಾಟ್. ಕೊನೆಗೆ ಗುಂಡು ತಗಲಿದ ಒಂದು ಮೊಲ ನೆಲದ ಮೇಲೆ ಬಿದ್ದು, ಮುಂಗಾಲನ್ನು ಮೆಲ್ಲಗೆ ಎದೆಗೆ ಎಳೆದುಕೊಂಡು ಸಾಯುತ್ತದೆ. ಅಲ್ಲಿ ಮಾತ್ರ ಕತ್ತರಿ ಅವಸರಪಡುವುದಿಲ್ಲ. ಕಾಲು ಪೂರ್ತಿ ಒಳಸೇರುವವರೆಗೂ ಕಾಯುತ್ತದೆ. 1939ರಲ್ಲಿ, ಕೆಲವೇ ತಿಂಗಳಲ್ಲಿ ಯುದ್ಧಕ್ಕೆ ಬೀಳಲಿದ್ದ ದೇಶದಲ್ಲಿ ಆ ಮೊಲವನ್ನು ನೋಡಿದವರಿಗೆ ಏನನ್ನಿಸಿತೋ!

ಅನ್ನಿಸಿದ್ದು ಸಿಟ್ಟು. 1939ರ ಜುಲೈಯಲ್ಲಿ ಪ್ಯಾರಿಸ್ಸಿನ ಕೊಲಿಸೆ ಚಿತ್ರಮಂದಿರದಲ್ಲಿ ಮೊದಲ ಪ್ರದರ್ಶನ ನಡೆದಾಗ ಜನ ಶಿಳ್ಳೆ ಹಾಕಿದರು, ಕೂಗಾಡಿದರು, ಒಬ್ಬ ಪತ್ರಿಕೆಗೆ ಬೆಂಕಿ ಹಚ್ಚಿ ಕುರ್ಚಿ ಸುಡಲು ಹೋದ. ತಮ್ಮನ್ನೇ ತೆರೆಯ ಮೇಲೆ ಎಳೆದು ತಂದರೆಂದು ಅವರಿಗೆ ನೋವಾಗಿತ್ತು. ಗಾಬರಿಯಾದ ರೆನ್ವಾರ್ ಚಿತ್ರವನ್ನು ಮತ್ತೆ ಮತ್ತೆ ಕಿರಿದುಮಾಡಿದ. ಒಕ್ತಾವ್ ಎಂಬ ಗೆಳೆಯನ ಪಾತ್ರ ಅವನದೇ ಆಗಿತ್ತು, ತಾನಿದ್ದ ಭಾಗಗಳನ್ನೇ ಹೆಚ್ಚಾಗಿ ಕತ್ತರಿಸಿ ಹಾಕಿದ. ಸಂಕಲನ ಎಂಬ ಮಾತಿಗೆ ವಿರುದ್ಧವಾಗಿ ವ್ಯವಕಲನ ನಡೆದ ದಿನಗಳು ಅವು. ಒಂದೂಮುಕ್ಕಾಲು ಗಂಟೆಗೂ ಹೆಚ್ಚಿದ್ದ ಚಿತ್ರ ಒಂದೂವರೆ ಗಂಟೆಗಿಂತ ಕೆಳಗಿಳಿಯಿತು. ಪ್ರಯೋಜನವಾಗಲಿಲ್ಲ. ಶರತ್ಕಾಲದಲ್ಲಿ ಯುದ್ಧ ಘೋಷಣೆಯಾದ ಮೇಲೆ, ಜನರ ಮನೋಬಲ ಕುಗ್ಗಿಸುತ್ತದೆಂದು ಸರ್ಕಾರ ಚಿತ್ರವನ್ನೇ ನಿಷೇಧಿಸಿತು.

ಮಾರ್ಗರೀತಳ ಬಾಳಿನಲ್ಲೂ ಅದೇ ಹೊತ್ತಿಗೆ ಬಿರುಕು. ಆ ಚಿತ್ರದ ಸ್ಕ್ರಿಪ್ಟ್ ಗರ್ಲ್ ಆಗಿದ್ದ ದೀದೋ ಫ್ರೆಯ್ರ್ ಜೊತೆ ರೆನ್ವಾರ್ ಇಟಲಿಗೆ ಹೋದ. ಜರ್ಮನ್ ಸೇನೆ ಫ್ರಾನ್ಸನ್ನು ಹಿಡಿದ ಮೇಲೆ ಅವಳೊಂದಿಗೇ ಅಮೆರಿಕಕ್ಕೆ ಹಡಗು ಹತ್ತಿ, 1940ರ ಡಿಸೆಂಬರ್ 31ರಂದು ನ್ಯೂಯಾರ್ಕಿನಲ್ಲಿ ಇಳಿದ. ಮುಂದೆ ಅವರ ಮದುವೆಯಾಯಿತು. ಮಾರ್ಗರೀತ್ ಪ್ಯಾರಿಸ್ಸಿನಲ್ಲಿ ಉಳಿದಳು. ಆ ದಿನಗಳ ಆಕೆಯ ಮನಸ್ಸಿನ ಬಗ್ಗೆ ನಾನು ಏನನ್ನೂ ಕಲ್ಪಿಸಿ ಬರೆಯಲಾರೆ. ಆಕೆ ಕೆಲಸ ಮಾಡಿದಳು ಎಂಬುದಷ್ಟೇ ಕಣ್ಣಿಗೆ ಕಾಣುವ ಸಂಗತಿ.

ಯುದ್ಧಕ್ಕೆ ಮನುಷ್ಯರಂತೆ ಫಿಲ್ಮುಗಳೂ ಬಲಿಯಾದವು. 'ಆಟದ ನಿಯಮ'ದ ಮೂಲ ನೆಗೆಟಿವ್ ಇದ್ದ ಬುಲೋನ್ಯಿನ ಲ್ಯಾಬು 1942ರಲ್ಲಿ ಮಿತ್ರಪಡೆಯ ಬಾಂಬಿಗೆ ನಾಶವಾಯಿತು. (ಹದಿನೇಳು ವರ್ಷದ ಬಳಿಕ ಜಾನ್ ಗಾಬೊರಿ, ಜಾಕ್ ದ್ಯುರಾನ್ ಎಂಬಿಬ್ಬರು ಅಲ್ಲಲ್ಲಿ ಉಳಿದಿದ್ದ ಡಬ್ಬಗಳನ್ನು ಹುಡುಕಿ ತೆಗೆದು 106 ನಿಮಿಷದ ಪ್ರತಿಯನ್ನು ಮತ್ತೆ ಕೂಡಿಸಿದರು. ನಾವಿಂದು ನೋಡುವುದು ಅದನ್ನೇ.) 'ಲಾ ಗ್ರಾಂಡ್ ಇಲ್ಯೂಸಿಯೋನ್' ನೆಗೆಟಿವನ್ನು ಜರ್ಮನರು ಬರ್ಲಿನ್ನಿಗೆ ಒಯ್ದರು. ಅಲ್ಲಿಂದ ಕೆಂಪುಸೇನೆ ಮಾಸ್ಕೋಗೆ ಒಯ್ದಿತು, 1960ರ ದಶಕದಲ್ಲಿ ವಿನಿಮಯದ ಲೆಕ್ಕದಲ್ಲಿ ಅದು ಫ್ರಾನ್ಸಿನ ತುಲೂಸಿಗೆ ಮರಳಿತು. ಡಬ್ಬದೊಳಗೆ ಇರುವುದು ಮೂಲ ನೆಗೆಟಿವ್ ಎಂದು ಗುರುತು ಸಿಕ್ಕಿದ್ದು ಇನ್ನೂ ಮೂವತ್ತು ವರ್ಷದ ಹತ್ತಿರ ಕಳೆದ ಮೇಲೆ.

'ಹಳ್ಳಿಗಾಡಿನಲ್ಲೊಂದು ದಿನ'ದ ಒರಟು ಜೋಡಣೆಯನ್ನೂ ಜರ್ಮನರು ನಾಶಮಾಡಿದರು. ಉಳಿದದ್ದು ನೆಗೆಟಿವ್ ಮಾತ್ರ. ಉಳಿಸಿದವನು ಫ್ರೆಂಚ್ ಸಿನೆಮಾತೆಕ್ ಎಂಬ ಚಿತ್ರಭಂಡಾರ ಕಟ್ಟಿದ ಆನ್ರಿ ಲಾಂಗ್ಲುವಾ, ನಿಷೇಧಿತ ಚಿತ್ರಗಳ ಡಬ್ಬಗಳನ್ನು ಆಕ್ರಮಣದ ದಿನಗಳಲ್ಲಿ ಬಚ್ಚಿಟ್ಟು ಕಾಪಾಡಿದ ಮಹಾನುಭಾವ. ಯುದ್ಧ ಮುಗಿದಾಗ ಬ್ರೋನ್‌ಬೆರ್ಜೆ ಜೀವ ಉಳಿಸಿಕೊಂಡು ಪ್ಯಾರಿಸ್ಸಿನಲ್ಲಿದ್ದ, ಆತ ಯೆಹೂದಿ. ರೆನ್ವಾರ್ ಹಾಲಿವುಡ್ಡಿನಲ್ಲಿದ್ದ. ಡಬ್ಬಗಳು ಮಾರ್ಗರೀತಳ ಮುಂದೆ ಬಂದವು.

ಆ ಮೇಜಿನ ಮುಂದೆ ಆಕೆ ಕೂತದ್ದನ್ನು ನೆನೆದಾಗ ನನಗೆ ಗಂಟಲು ಕಟ್ಟುತ್ತದೆ. ಹತ್ತು ವರ್ಷ ಹಿಂದಿನ ಬೇಸಿಗೆ. ಜನತಾರಂಗದ ಬೇಸಿಗೆ. ಆ ಗೆಳೆಯರು ಚೆಲ್ಲಾಪಿಲ್ಲಿಯಾಗಿದ್ದಾರೆ. ಫಿಲ್ಮಿನಲ್ಲಿ ಹೋಟೆಲಿನ ಯಜಮಾನನಾಗಿ ನಗುತ್ತಿರುವವನು ಬೇರೊಬ್ಬಳ ಗಂಡನಾಗಿ ಸಾಗರದಾಚೆ ಇದ್ದಾನೆ. ಅವನ ಪಕ್ಕದಲ್ಲಿ ಮೂವತ್ತರ ಹರೆಯದ ತಾನು. ಆ ಶಾಟನ್ನು ಎಷ್ಟು ಉದ್ದ ಇಡಬೇಕೆಂದು ಈಗ ತಾನೇ ನಿರ್ಧರಿಸಬೇಕು.

ಸಹಾಯಕ್ಕೆ ಮಾರಿನೆತ್ ಕಾದಿಕ್ಸ್ ಇದ್ದಳು. ತೆಗೆಯದೇ ಉಳಿದ ದೃಶ್ಯಗಳನ್ನು ಹೊಸದಾಗಿ ತೆಗೆಸಲು ಹೋಗಲಿಲ್ಲ, ಆ ಜಾಗದಲ್ಲಿ ಎರಡು ಬರಹದ ಫಲಕ ಹಾಕಿದರು. ಮುಗಿಯದ ಕೃತಿ ಇದು, ನಿರ್ದೇಶಕರು ಅಮೆರಿಕದಲ್ಲಿದ್ದಾರೆ, ಇದ್ದದ್ದನ್ನು ಇದ್ದಂತೆಯೇ ಒಪ್ಪಿಸುತ್ತಿದ್ದೇವೆ ಎಂಬ ವಿನಯದ ಒಕ್ಕಣೆ ಮೊದಲಿಗೆ. ಜೋಸೆಫ್ ಕೋಸ್ಮಾ ಸಂಗೀತ ಕೂಡಿಸಿದ, ಜೆರ್ಮೆನ್ ಮೋಂತೆರೊ ಪದವಿಲ್ಲದ ಆಲಾಪವೊಂದನ್ನು ಹಾಡಿದಳು.

ಮುಗಿಯದ ಚಿತ್ರ ಎಂಬುದು ನೋಡುವವರಿಗೆ ಗೊತ್ತೇ ಆಗುವುದಿಲ್ಲ. ಹೋಟೆಲಿನ ಒಳಗೆ ಕತ್ತಲು, ಊಟಕ್ಕೆ ಕೂತ ಇಬ್ಬರು ಯುವಕರು. ಒಬ್ಬ ಕಿಟಕಿಯ ಬಾಗಿಲು ತಳ್ಳುತ್ತಾನೆ. ಬೆಳಕು ನುಗ್ಗುತ್ತದೆ, ಚೌಕಟ್ಟಿನ ನಡುವೆ ಆನ್ರಿಯೆತ್ ಉಯ್ಯಾಲೆ ಜೀಕುತ್ತಿದ್ದಾಳೆ. ಅಲ್ಲಿಂದ ಅವಳ ಹತ್ತಿರಕ್ಕೆ, ಅವಳೊಂದಿಗೇ ಮೇಲೆ ಹೋಗಿ ಬರುವ ಕ್ಯಾಮೆರಾಕ್ಕೆ, ಗೋಡೆಯಾಚೆಯಿಂದ ಇಣುಕುವ ಹುಡುಗರಿಗೆ, ದಾರಿಯಲ್ಲಿ ಹೋಗುತ್ತ ತಿರುಗಿ ನೋಡುವ ಪಾದ್ರಿಶಾಲೆಯ ಹುಡುಗರಿಗೆ. ನೋಡುವವರು ಹಲವರು, ಅವಳಿಗೆ ಯಾರ ಪರಿವೆಯೂ ಇಲ್ಲ. ಆಮೇಲೆ ದೋಣಿ, ನಡುಗಡ್ಡೆ, ಮರದಲ್ಲಿ ಹಾಡುವ ನೈಟಿಂಗೇಲ್ ಹಕ್ಕಿ. ಆ ಯುವಕರಲ್ಲೊಬ್ಬನಾದ ಆನ್ರಿ ಅವಳನ್ನು ಅಪ್ಪಿಕೊಳ್ಳುತ್ತಾನೆ, ಅವಳು ತಳ್ಳುತ್ತಾಳೆ, ಕೊನೆಗೆ ಸೋಲುತ್ತಾಳೆ. ತೆರೆಯ ತುಂಬ ಅವಳ ಮುಖ, ಕಣ್ಣಲ್ಲಿ ನೀರು.

ಆಗ ಆಕಾಶ. ಮೋಡ ಕವಿಯುತ್ತದೆ, ಜೊಂಡು ಗಾಳಿಗೆ ಬಾಗುತ್ತದೆ, ಹೊಳೆಯ ಮೇಲೆ ಮಳೆಹನಿ ಬೀಳತೊಡಗುತ್ತದೆ. ಓಡುವ ದೋಣಿಯಿಂದ ತೆಗೆದ ಶಾಟ್: ನೀರು ಹಿಂದಕ್ಕೆ ಹಿಂದಕ್ಕೆ ಸರಿಯುತ್ತಿದೆ, ಅದರ ಮೇಲೆಲ್ಲ ಮಳೆ ಚುಚ್ಚುತ್ತಿದೆ. ಚಿತ್ರೀಕರಣವನ್ನು ನಿಲ್ಲಿಸಿದ, ತಂಡದ ತಾಳ್ಮೆಗೆಡಿಸಿದ, ಚಿತ್ರವನ್ನು ಹತ್ತು ವರ್ಷ ಡಬ್ಬದಲ್ಲಿ ಕೂರಿಸಿದ ಅದೇ ಬೇಸಿಗೆಯ ಮಳೆ. ರೆನ್ವಾರ್ ಅದನ್ನು ಫಿಲ್ಮಿಗೆ ಇಳಿಸಿಟ್ಟಿದ್ದ. ಮಾರ್ಗರೀತ್ ಅದಕ್ಕೆ ಆನ್ರಿಯೆತ್ತಳ ಕಣ್ಣೀರಿನ ಪಕ್ಕದಲ್ಲಿ ಜಾಗ ಕೊಟ್ಟಳು. ಮುಂದಿನ ಫಲಕದ ಹೊತ್ತಿಗೆ ವರ್ಷಗಳು ಕಳೆದಿವೆ, ಆನ್ರಿಯೆತ್ ಆ ಪೆಕರ ಗುಮಾಸ್ತನನ್ನು ಮದುವೆಯಾಗಿದ್ದಾಳೆ.

ಮುಂದೆ ರೆನ್ವಾರ್ ಭಾರತಕ್ಕೂ ಬಂದ. 1949ರಲ್ಲಿ 'ದಿ ರಿವರ್' ತೆಗೆಯಲು ಕಲ್ಕತ್ತೆಗೆ ಬಂದಾಗ ಜಾಗ ತೋರಿಸಲು ಅವನ ಜೊತೆ ಸುತ್ತಿದವರಲ್ಲಿ ಜಾಹೀರಾತು ಕಂಪನಿಯೊಂದರ ಯುವಕ ಸತ್ಯಜಿತ್ ರಾಯ್ ಇದ್ದರು. ಹೊಳೆಯ ಮೇಲಿನ ಈ ಇನ್ನೊಂದು ಚಿತ್ರಕ್ಕೆ ಸಂಕಲನ ಬೇರೆಯವರದು.

ಮಾರ್ಗರೀತಳಿಗೆ ಆಗ ಇನ್ನೊಂದು ಜೋಡಿ ಸಿಕ್ಕಿತ್ತು, ಲ್ವಾನ್ ದಂಡೆಯಲ್ಲಿ ಮಳೆ ನಿಲ್ಲಲೆಂದು ಕಾಯುತ್ತ ಕೂತಿದ್ದ ಸಹಾಯಕ ಜಾಕ್ ಬೆಕೆರ್. ಯುದ್ಧದ ಕಾಲದಿಂದಲೇ ಅವನ ಚಿತ್ರಗಳನ್ನು ಆಕೆ ಜೋಡಿಸತೊಡಗಿದ್ದಳು. ಗುರುವಿಗಿಂತ ಶಿಷ್ಯನ ನಡಿಗೆ ಬೇರೆ. ಸಣ್ಣಸಣ್ಣ ಶಾಟ್, ಚುರುಕು ತಾಳ. 1947ರ 'ಆಂತ್ವಾನ್ ಎ ಆಂತ್ವಾನೆತ್'ನಲ್ಲಿ ಪ್ಯಾರಿಸ್ಸಿನ ಬಡ ದಂಪತಿಯ ಲಾಟರಿ ಚೀಟಿ ಕಳೆದು ಸಿಗುವ ಕಥೆ ಓಡುವ ವೇಗ ನೋಡಿದರೆ, ಉದ್ದ ಶಾಟ್‌ಗಳನ್ನು ಕಾಪಾಡಿದ ಕೈಯೇ ಇದು ಎಂದು ನಂಬುವುದು ಕಷ್ಟ. 1952ರ 'ಕಾಸ್ಕ್ ದೋರ್' ಕೊನೆಯಲ್ಲಿ ಮಾರಿ ಎಂಬ ಹೆಣ್ಣು ಕಿಟಕಿಯಲ್ಲಿ ನಿಂತು ತನ್ನ ಪ್ರಿಯನನ್ನು ಗಿಲೊಟಿನ್ನಿಗೆ ಒಯ್ಯುವುದನ್ನು ನೋಡುತ್ತಾಳೆ. ಅಲಗು ಬೀಳುತ್ತದೆ, ಅವಳ ತಲೆ ಬಾಗುತ್ತದೆ, ಮರುಗಳಿಗೆಗೆ ಇಬ್ಬರೂ ಬರಿದಾದ ನೃತ್ಯಶಾಲೆಯಲ್ಲಿ ವಾಲ್ಟ್ಸ್ ಕುಣಿಯುತ್ತ ದೂರ ದೂರ ಸರಿಯುತ್ತಿದ್ದಾರೆ. ಎರಡು ತುಂಡುಗಳ ನಡುವಿನ ಅಂಟಿನ ಗೆರೆಯಲ್ಲೇ ಆ ಚಿತ್ರದ ಜೀವವಿದೆ.

ಬೆಕೆರನ ಕೊನೆಯ ಚಿತ್ರ 'ಲ ತ್ರೂ', ಜೈಲಿನಿಂದ ಕನ್ನ ಕೊರೆದು ಪಾರಾಗಲು ಹೊರಟ ಐವರ ಕಥೆ. ಕೈದಿಗಳು ಸರದಿಯ ಮೇಲೆ ಕಾಂಕ್ರೀಟ್ ನೆಲ ಒಡೆಯುವುದನ್ನು ನಿಮಿಷಗಟ್ಟಲೆ, ಒಂದೇ ಶಾಟ್‌ನಲ್ಲಿ, ಒಂದೂ ಏಟು ಬಿಡದೆ ತೋರಿಸುತ್ತದೆ. ಜೆನೆವಿಯೆವ್ ವೋರಿ ಜೊತೆ ಸಂಕಲನ ಮಾಡಿದ ಮಾರ್ಗರೀತ್ ಅಲ್ಲಿ ಕತ್ತರಿಯನ್ನು ಪಕ್ಕಕ್ಕಿಟ್ಟಳು. ಚಿತ್ರ ತೆರೆಗೆ ಬಂದದ್ದು 1960ರ ಮಾರ್ಚಿನಲ್ಲಿ. ಬೆಕೆರ್ ಫೆಬ್ರವರಿಯಲ್ಲೇ ತೀರಿಕೊಂಡಿದ್ದ. ನಿರ್ದೇಶಕನಿಲ್ಲದೆ ಚಿತ್ರವೊಂದು ಜನರೆದುರು ಹೋಗುವುದನ್ನು ಆಕೆ ಎರಡನೆಯ ಸಲ ನೋಡಿದಳು.

ಅನಂತರವೂ ದುಡಿಮೆ ನಿಲ್ಲಲಿಲ್ಲ. 1960ರ ದಶಕದಲ್ಲಿ ಹೊಸ ತಲೆಮಾರಿನ ಜಾನ್ ಪಿಯೇರ್ ಮೊಕಿಯ ಚಿತ್ರಗಳಲ್ಲಿ ಆಕೆಯ ಹೆಸರಿದೆ. 1987ರಲ್ಲಿ ಮಾರ್ಗರೀತ್ ತೀರಿಕೊಂಡಳು.

ಏಳು ವರ್ಷದ ಬಳಿಕ ಸಿನೆಮಾತೆಕ್‌ನವರು ಒಂದು ಹಳೆಯ ಗಂಟು ಬಿಚ್ಚಿದರು. 'ಹಳ್ಳಿಗಾಡಿನಲ್ಲೊಂದು ದಿನ'ಕ್ಕಾಗಿ 1936ರಲ್ಲಿ ತೆಗೆದು, ಬಳಸದೆ ಉಳಿದಿದ್ದ ಗಂಟೆಗಟ್ಟಲೆ ಫಿಲ್ಮನ್ನು ಬ್ರೋನ್‌ಬೆರ್ಜೆ ಎಂದೋ ಅವರಿಗೆ ಕೊಟ್ಟಿದ್ದ. ಅದರಿಂದ ಆಯ್ದು ಅಲೇನ್ ಫ್ಲೈಷರ್ 1994ರಲ್ಲಿ ಒಂದೂವರೆ ಗಂಟೆಯ ಚಿತ್ರ ಮಾಡಿದ. ಕ್ಲಾಪ್ ಬೋರ್ಡು ಬಡಿಯುತ್ತದೆ, ತೆರೆಯ ಹೊರಗಿನಿಂದ ರೆನ್ವಾರನ ದನಿ ಕೇಳುತ್ತದೆ, ಸಿಲ್ವಿಯಾ ಬಟಾಯ್ ಅದೇ ಮಾತನ್ನು ಮತ್ತೆ ಹೇಳುತ್ತಾಳೆ, ಮತ್ತೆ, ಇನ್ನೊಮ್ಮೆ. ಒಂದು ಟೇಕಿನಲ್ಲಿ ಬಿಸಿಲು ಸರಿದಿದೆ. ಇನ್ನೊಂದರಲ್ಲಿ ಅವಳು ಒಂದು ಕ್ಷಣ ಬೇಗ ತಿರುಗಿದಳು. ಮತ್ತೊಂದರಲ್ಲಿ ಎಲ್ಲವೂ ಸರಿಯಾಗಿದೆ ಎಂದೇ ನನಗೆ ಅನ್ನಿಸಿತು, ಆದರೆ ಮಾರ್ಗರೀತ್ ಅದನ್ನು ಆರಿಸಿಕೊಂಡಿರಲಿಲ್ಲ. ಮೂಲ ಚಿತ್ರ ಹಾಕಿಕೊಂಡು ಆಕೆ ಆರಿಸಿದ ಟೇಕನ್ನು ನೋಡಿದೆ. ಮತ್ತೆ ಉಳಿದವನ್ನು ನೋಡಿದೆ. ಆಮೇಲೆ ಮತ್ತೊಮ್ಮೆ ಆಕೆಯದನ್ನು.